ಶುಂಠಿ ಬೆಲ್ಲದ ಬಿಸ್ಕತ್ತಿನ ಹಿಂದಿನ ಕಥೆ



ಆಗಮನ ಕಾಲದ ಮೊದಲ ಮೇಣದಬತ್ತಿ ಹೊತ್ತಿಸುವ ಹೊತ್ತಿಗೆ ನಮ್ಮ ಮನೆಗಳಲ್ಲಿ ಕಜ್ಜಾಯ, ಕಲ್‌ಕಲ್, ರೋಸ್ ಕುಕ್ಕಿನ ಮಾತು ಶುರುವಾಗುತ್ತದೆ. ಈಚೆಗೆ ಶುಂಠಿ ಬಿಸ್ಕತ್ತೂ ಆ ಸಾಲಿಗೆ ಸೇರಿದೆ. ಮಕ್ಕಳು ಅದನ್ನು ಪರದೇಶದ ತಿಂಡಿ ಎಂದೇ ತಿಳಿದಿದ್ದಾರೆ. ಅರಕಲಗೂಡು ತಾಲ್ಲೂಕಿನ ರಾಮನಾಥಪುರದ ಕಡೆಯವರು ಹಾಗೆ ತಿಳಿಯಬೇಕಾಗಿಲ್ಲ. ಕಾವೇರಿ ದಂಡೆಯ ಆ ಸೀಮೆಯಲ್ಲಿ ಹೊಗೆಸೊಪ್ಪಿನ ಜೊತೆಗೆ ಶುಂಠಿಯೂ ಬೆಳೆಯುತ್ತದೆ. ವಯನಾಡಿನಿಂದ ಬಂದು ಗುತ್ತಿಗೆಗೆ ಜಮೀನು ಹಿಡಿದವರೂ ನಮ್ಮ ಜಿಲ್ಲೆಯಲ್ಲಿ ಶುಂಠಿ ಬೆಳೆದಿದ್ದಾರೆ. ಕೊಳೆರೋಗ ಬಿದ್ದರೆ ಹಾಕಿದ ದುಡ್ಡೆಲ್ಲ ಮಣ್ಣುಪಾಲು. 60 ಕಿಲೋ ಮೂಟೆಯ ಬೆಲೆ ಏರಿದರೆ ಮನೆಯಲ್ಲಿ ಹಬ್ಬ, ಇಳಿದರೆ ಸಾಲ.

ಹೆಸರನ್ನೇ ನೋಡಿ. ಸಂಸ್ಕೃತದ 'ಶೃಂಗವೇರ' ಗ್ರೀಕ್, ಲ್ಯಾಟಿನ್‌ಗಳನ್ನು ದಾಟಿ ಇಂಗ್ಲಿಷಿನ 'ಜಿಂಜರ್' ಆಯಿತು. ನಮ್ಮ 'ಶರ್ಕರಾ' ಅರಬ್ಬರ ಬಾಯಲ್ಲಿ ಹಾದು 'ಶುಗರ್' ಆಯಿತು. ಎರಡೂ ನಮ್ಮ ನಾಡಿನಿಂದಲೇ ಹೊರಟವು. ಸಾಂಬಾರ ವ್ಯಾಪಾರದ ದಾರಿಯಲ್ಲಿದ್ದ ಜರ್ಮನಿಯ ನ್ಯೂರೆಂಬರ್ಗಿನಲ್ಲಿ 14ನೇ ಶತಮಾನದಲ್ಲೇ ಜೇನು ಮತ್ತು ಸಾಂಬಾರದ ಬಿಸ್ಕತ್ತು ಮಾಡುವವರಿದ್ದರು. ಮಠಗಳ ಅಡುಗೆಮನೆಗಳಲ್ಲೂ ಅದು ಬೇಯುತ್ತಿತ್ತು. ಡಚ್ಚರ ನಾಡಿನಲ್ಲಿ ಡಿಸೆಂಬರ್ 6ರ ಸಂತ ನಿಕೋಲಾಸರ ಹಬ್ಬಕ್ಕೆ ಇಂಥದ್ದೇ ಬಿಸ್ಕತ್ತನ್ನು ಮಕ್ಕಳಿಗೆ ಕೊಡುತ್ತಾರೆ.

ಅಮೆರಿಕದಲ್ಲಿ ಜೇನಿನ ಜಾಗಕ್ಕೆ ಕಾಕಂಬಿ ಬಂತು. ಕಾಕಂಬಿಯೆಂದರೆ ಕಬ್ಬಿನ ಹಾಲಿನಿಂದ ಸಕ್ಕರೆ ತೆಗೆದ ಮೇಲೆ ಉಳಿಯುವ ಕಪ್ಪು ಪಾಕ. ಸಕ್ಕರೆಗಿಂತ ಅಗ್ಗವಾದ್ದರಿಂದ ಬಡವರ ಮನೆಗೂ ಸಿಹಿ ಬಂತು. ಅದರ ವ್ಯಾಪಾರ ಎಷ್ಟು ದೊಡ್ಡದಿತ್ತೆಂದರೆ 1733ರಲ್ಲಿ ಬ್ರಿಟಿಷ್ ಸಂಸತ್ತು ಕಾಕಂಬಿಗೆಂದೇ ಒಂದು ತೆರಿಗೆ ಕಾಯಿದೆ ಮಾಡಿತು. ಆದರೆ ಕೆರಿಬಿಯನ್ ದ್ವೀಪಗಳಲ್ಲಿ ಆ ಕಬ್ಬನ್ನು ಕಡಿದು ಗಾಣಕ್ಕೆ ಕೊಟ್ಟವರು ಆಫ್ರಿಕದಿಂದ ಹಡಗಿನಲ್ಲಿ ತುಂಬಿ ತಂದ ಗುಲಾಮರು. ಈ ಮಾತನ್ನು ಬಿಟ್ಟು ಬಿಸ್ಕತ್ತಿನ ಚರಿತ್ರೆ ಬರೆಯುವುದು ಸರಿಯಲ್ಲ.

ನಮ್ಮ ಧರ್ಮಸಭೆಯ ಕೈಯೂ ಶುದ್ಧವಾಗಿರಲಿಲ್ಲ. 1838ರಲ್ಲಿ ಅಮೆರಿಕದ ಮೇರಿಲ್ಯಾಂಡಿನ ಯೇಸುಸಭೆಯವರು 272 ಮಂದಿ ಗುಲಾಮರನ್ನು ಲೂಯಿಸಿಯಾನಾದ ತೋಟಗಳಿಗೆ ಮಾರಿದರು. ಮರುವರ್ಷವೇ, 1839ರ ಡಿಸೆಂಬರ್ 3ರಂದು, ಅಂದರೆ ಸಂತ ಫ್ರಾನ್ಸಿಸ್ ಝೇವಿಯರರ ಹಬ್ಬದ ದಿನ, 16ನೇ ಗ್ರೆಗರಿ ಜಗದ್ಗುರುಗಳು ಗುಲಾಮರ ವ್ಯಾಪಾರವನ್ನು ಖಂಡಿಸಿ ಪತ್ರ ಹೊರಡಿಸಿದರು. ಮಾರಾಟವಾದವರ ವಂಶಸ್ಥರ ಮುಂದೆ ಯೇಸುಸಭೆಯವರು ಕ್ಷಮೆ ಕೇಳಿದ್ದು 2017ರಲ್ಲಿ. ಅಷ್ಟರಲ್ಲಿ ಸುಮಾರು 180 ವರ್ಷ ಕಳೆದಿತ್ತು.

ನಮ್ಮ ಜಿಲ್ಲೆಯಲ್ಲಿ ಕಾಕಂಬಿಗಿಂತ ಬೆಲ್ಲ ಹತ್ತಿರದ್ದು. ಶೆಟ್ಟಿಹಳ್ಳಿಯಲ್ಲಿ ಫ್ರೆಂಚ್ ಗುರುಗಳು 1860ರ ಸುಮಾರಿಗೆ ಕಟ್ಟಿಸಿದ ಜಪಮಾಲೆ ಮಾತೆಯ ದೇವಾಲಯದ ಗಾರೆಗೆ ಬೆಲ್ಲ ಮತ್ತು ಮೊಟ್ಟೆ ಬೆರೆಸಿದ್ದರೆಂದು ಹೇಳುತ್ತಾರೆ. ಗೊರೂರಿನ ಹೇಮಾವತಿ ಅಣೆಕಟ್ಟಿನ ಹಿನ್ನೀರು ಬಂದಾಗ ಜನ ಊರು ಬಿಟ್ಟರು. ದೇವಾಲಯದ ಗೋಡೆಗಳು ಮಳೆಗಾಲದಲ್ಲಿ ಮುಳುಗಿ, ಬೇಸಿಗೆಯಲ್ಲಿ ಎದ್ದು ನಿಲ್ಲುತ್ತಾ ಬಂದಿವೆ. ಬೆಲ್ಲ ಮತ್ತು ಮೊಟ್ಟೆ ಬಿಸ್ಕತ್ತಿಗೂ ಬೇಕು, ನೋಡಿ!

ಮಾಡುವವರಿಗೆ ಇಷ್ಟು ಹೇಳಿಬಿಡುತ್ತೇನೆ. ಕಪ್ಪು ಬೆಲ್ಲವನ್ನೇ ತನ್ನಿ. ಹೈಡ್ರೋಸ್ ಹಾಕಿ ಹಳದಿ ಬಣ್ಣ ಬರಿಸಿದ ಬೆಲ್ಲ ಕಣ್ಣಿಗೆ ಚೆಂದ, ಅಷ್ಟೆ. 150 ಗ್ರಾಂ ಬೆಲ್ಲವನ್ನು ಎರಡು ಚಮಚ ನೀರಿನಲ್ಲಿ ಕರಗಿಸಿ, ಬಟ್ಟೆಯಲ್ಲಿ ಸೋಸಿ, ಪೂರ್ತಿ ಆರಿಸಿ. ಬಿಸಿ ಪಾಕಕ್ಕೆ ಮೊಟ್ಟೆ ಒಡೆದರೆ ಅದು ಅಲ್ಲೇ ಬೆಂದುಹೋಗುತ್ತದೆ. 100 ಗ್ರಾಂ ಬೆಣ್ಣೆ, ಒಂದು ಮೊಟ್ಟೆ, 250 ಗ್ರಾಂ ಮೈದಾ, ಎರಡು ಚಮಚ ಒಣಶುಂಠಿ ಪುಡಿ, ಒಂದು ಚಮಚ ಚಕ್ಕೆ ಪುಡಿ, ಚಿಟಿಕೆ ಲವಂಗದ ಪುಡಿ, ಒಂದು ಚಮಚ ಅಡುಗೆ ಸೋಡಾ ಸೇರಿಸಿ ಕಲಸಿ. ಓವನ್ ಇಲ್ಲದಿದ್ದರೆ ದಪ್ಪ ತಳದ ಪಾತ್ರೆಗೆ ಮರಳು ಹಾಕಿ ಕಾಯಿಸಿ, ಅದರೊಳಗೆ ತಟ್ಟೆಯಿಟ್ಟು ಮುಚ್ಚಿ. ಕಾಲು ಗಂಟೆಯ ಮೇಲೆ ತೆಗೆದು ನೋಡಿ. ಬಿಸಿಯಿರುವಾಗ ಮೆತ್ತಗೇ ಇರುತ್ತದೆ. ಬೆಂದಿಲ್ಲವೆಂದು ಮತ್ತೆ ಒಳಗಿಡಬೇಡಿ. ಚೆನ್ನಾಗಿ ಆರಿದ ಮೇಲೆ ಡಬ್ಬಿಗೆ ತುಂಬಿದರೆ, ಮಕ್ಕಳು ಉಳಿಸಿದರೆ, ಮೂರು ರಾಜರ ಹಬ್ಬದವರೆಗೂ ಇರುತ್ತದೆ.