ನೆನಪಿಗೂ ಒಂದು ಸನದ್ ಬೇಕು

ಇತಿಹಾಸ ಎಂದರೆ ನಡೆದ ಸಂಗತಿ. ನೆನಪು ಎಂದರೆ ಅದರಲ್ಲಿ ನಾವು ಉಳಿಸಿಕೊಂಡ ಭಾಗ. ಒಂದು ಸಮುದಾಯವು ತನ್ನನ್ನು ತಾನು ಏನೆಂದು ತಿಳಿಯುತ್ತದೆ, ನೆರೆಯವರನ್ನು ಯಾವ ಕಣ್ಣಿನಿಂದ ನೋಡುತ್ತದೆ ಎಂಬುದನ್ನು ಬಹುಪಾಲು ನಿರ್ಧರಿಸುವುದು ಈ ಎರಡನೆಯದೇ. ಆದ್ದರಿಂದಲೇ ಇಸ್ಲಾಮೀ ವಿದ್ವತ್ ಪರಂಪರೆಯು ನೆನಪನ್ನು ಪರೀಕ್ಷೆಯಿಲ್ಲದೆ ಒಪ್ಪಿಕೊಳ್ಳಲಿಲ್ಲ. ಪ್ರವಾದಿ(ಸ)ಯವರ ಹೆಸರಿನಲ್ಲಿ ಯಾರಾದರೂ ಒಂದು ಮಾತು ಹೇಳಿದರೆ, ಅದನ್ನು ಯಾರಿಂದ ಕೇಳಿದಿರಿ ಎಂದು ಹದೀಸ್ ವಿದ್ವಾಂಸರು ಮೊದಲು ವಿಚಾರಿಸುತ್ತಿದ್ದರು. ಹೇಳಿದವನು ಸತ್ಯವಂತನೇ, ಅವನ ಜ್ಞಾಪಕಶಕ್ತಿ ದೃಢವೇ, ತಾನು ಹೆಸರಿಸಿದ ಗುರುವನ್ನು ಅವನು ನಿಜಕ್ಕೂ ಕಂಡಿದ್ದನೇ ಎಂದು ಸರಪಣಿಯ ಒಂದೊಂದು ಕೊಂಡಿಯನ್ನೂ ಪರಿಶೀಲಿಸುತ್ತಿದ್ದರು. ಈ ಸರಪಣಿಗೇ ಸನದ್ ಎಂದು ಹೆಸರು. 1377ರಲ್ಲಿ 'ಮುಕದ್ದಿಮಾ' ಬರೆದ ಇಬ್ನ್ ಖಲ್ದೂನ್ ಇದೇ ಎಚ್ಚರವನ್ನು ಇತಿಹಾಸಕ್ಕೂ ಅನ್ವಯಿಸಿದರು. ಮೂಸಾ(ಅ)ರ ಸೇನೆಯಲ್ಲಿ ಆರು ಲಕ್ಷಕ್ಕೂ ಹೆಚ್ಚು ಯೋಧರಿದ್ದರೆಂಬ ಪ್ರಸಿದ್ಧ ಮಾತನ್ನು ಅವರು ಕಣ್ಣುಮುಚ್ಚಿ ನಂಬದೆ, ಅಷ್ಟು ದೊಡ್ಡ ಸೇನೆ ಆ ನೆಲದಲ್ಲಿ ನಿಂತು ಹೋರಾಡಲು ಸಾಧ್ಯವಿತ್ತೇ ಎಂದು ಪ್ರಶ್ನಿಸಿದರು.

ಈ ಒರೆಗಲ್ಲಿಗೆ ನಮ್ಮದೇ ಸೀಮೆಯ ನೆನಪುಗಳನ್ನು ಉಜ್ಜಿ ನೋಡೋಣ. ಗಜೇಂದ್ರಗಡ, ರೋಣ, ನರಗುಂದಗಳ ನಡುವಿನ ಈ ಎರೆನೆಲದಲ್ಲಿ, ಮುಶಿಗೇರಿಯಂತಹ ಊರುಗಳಲ್ಲಿ ಬಾಳುವ ಮುಸ್ಲಿಮ್ ಕುಟುಂಬಗಳಿಗೆ ಟಿಪ್ಪು ಸುಲ್ತಾನ್ ಎಂದರೆ 1799ರ ಮೇ 4ರಂದು ಶ್ರೀರಂಗಪಟ್ಟಣದಲ್ಲಿ ಖಡ್ಗ ಹಿಡಿದೇ ಹುತಾತ್ಮನಾದ ದೊರೆ. ಈ ನೆನಪು ಸತ್ಯವೇ. ಆದರೆ ನರಗುಂದದ ಗುಡ್ಡಕ್ಕೆ ಇನ್ನೊಂದು ನೆನಪೂ ಇದೆ, ಅದೂ ಸತ್ಯವೇ. ಕಪ್ಪದ ವಿಚಾರದಲ್ಲಿ ವಿವಾದ ಹುಟ್ಟಿ, ಅಲ್ಲಿನ ಸಂಸ್ಥಾನಿಕ ವೆಂಕಟರಾವ್ ಭಾವೆ ಪುಣೆಯ ಬೆಂಬಲ ಬಯಸಿದಾಗ, 1785ರಲ್ಲಿ ಟಿಪ್ಪುವಿನ ಸೇನೆ ಬುರ್ಹಾನುದ್ದೀನನ ನಾಯಕತ್ವದಲ್ಲಿ ಆ ಕೋಟೆಯನ್ನು ಮುತ್ತಿತು. ಕೋಟೆ ಶರಣಾಯಿತು. ಸಂಸ್ಥಾನಿಕನನ್ನು ಕುಟುಂಬ ಸಮೇತ ಸೆರೆಗೆ ಒಯ್ಯಲಾಯಿತು. ನಮ್ಮ ಮಕ್ಕಳಿಗೆ ಮೊದಲ ಸಂಗತಿಯನ್ನು ಹೇಳುವ ನಾವು ಎರಡನೆಯದನ್ನು ಹೇಳುವುದಿಲ್ಲ. ಎರಡನೆಯದನ್ನು ಮಾತ್ರ ಹೇಳುವವರು ಮೊದಲನೆಯದನ್ನು ಮರೆಸಲು ಬಯಸುತ್ತಾರೆ.

ಇಷ್ಟಕ್ಕೇ ನಿಲ್ಲಿಸಿದರೆ ಇದು ಎರಡು ಧರ್ಮಗಳ ಕಾಳಗದಂತೆ ತೋರಬಹುದು. ಆದರೆ ಮುಂದೇನಾಯಿತೆಂದು ಗಮನಿಸಿರಿ. ಪೇಶ್ವೆಯ ಸೇನೆ ಟಿಪ್ಪುವಿನ ವಿರುದ್ಧ ಹೊರಟಾಗ ಅದರ ಜೊತೆಗೂಡಿದವನು ಹೈದರಾಬಾದಿನ ನಿಜಾಮ, ಒಬ್ಬ ಮುಸ್ಲಿಮ್ ದೊರೆ. ಸವಣೂರಿನ ನವಾಬ ಅಬ್ದುಲ್ ಹಕೀಮ್ ಖಾನನು ಹೈದರಲಿಯ ಮನೆತನದೊಂದಿಗೆ ಬೀಗತನ ಬೆಳೆಸಿದ್ದವನು. ಆದರೂ ಈ ಯುದ್ಧದಲ್ಲಿ ಅವನು ಮರಾಠರ ಪಕ್ಷದಲ್ಲಿ ನಿಂತನು, ಮತ್ತು ಟಿಪ್ಪು ಸವಣೂರನ್ನೂ ವಶಪಡಿಸಿಕೊಂಡನು. ಇತ್ತ ಟಿಪ್ಪುವಿನ ಆಡಳಿತದ ಮುಂಚೂಣಿಯಲ್ಲಿದ್ದವರಲ್ಲಿ ಪೂರ್ಣಯ್ಯ ಒಬ್ಬರು. 1786ರಲ್ಲಿ ಬಾದಾಮಿಯೂ ಗಜೇಂದ್ರಗಡವೂ ಮರಾಠರ ಕೈಸೇರಿದವು. 1787ರಲ್ಲಿ ಗಜೇಂದ್ರಗಡದ ಹೆಸರಿನಲ್ಲಿಯೇ ಒಪ್ಪಂದವಾಯಿತು. ಟಿಪ್ಪು 48 ಲಕ್ಷ ರೂಪಾಯಿ ಕೊಡಲೊಪ್ಪಿದನು. ಬಾದಾಮಿ, ನರಗುಂದ, ಕಿತ್ತೂರುಗಳು ಮರಾಠರ ಪಾಲಾದವು. ಸವಣೂರಿನ ನವಾಬನಿಗೆ ಅವನ ಸೀಮೆ ಮರಳಿ ಸಿಗಬೇಕೆಂದು ನಿರ್ಧಾರವಾಯಿತು. ಇದು ಕಪ್ಪಕಾಣಿಕೆ ಮತ್ತು ನೆಲಕ್ಕಾಗಿ ನಡೆದ ಯುದ್ಧ. ಇದರಲ್ಲಿ ಬೆಳೆ ಕಳೆದುಕೊಂಡ ರೈತನ ಧರ್ಮ ಯಾವುದೆಂದು ಯಾವ ಸೇನೆಯೂ ಕೇಳಿರಲಾರದು.

ನರಗುಂದದ ಕಥೆ ಅಲ್ಲಿಗೆ ಮುಗಿಯಲಿಲ್ಲ. ಎಪ್ಪತ್ತು ವರ್ಷಗಳ ನಂತರ ಅದೇ ಭಾವೆ ಮನೆತನದ ಭಾಸ್ಕರರಾವ್, ಜನರ ಬಾಯಲ್ಲಿ ಬಾಬಾಸಾಹೇಬ, ದತ್ತು ಸ್ವೀಕಾರಕ್ಕೆ ಅನುಮತಿ ಕೊಡದ ಬ್ರಿಟಿಷರ ವಿರುದ್ಧ ಬಂಡೆದ್ದರು. 1858ರ ಮೇ 29ರ ರಾತ್ರಿ ಸುರೇಬಾನದಲ್ಲಿ ಬ್ರಿಟಿಷ್ ಅಧಿಕಾರಿ ಮ್ಯಾನ್ಸನ್ ಹತನಾದನು. ಕೆಲವೇ ದಿನಗಳಲ್ಲಿ ಕೋಟೆ ಬಿದ್ದಿತು. ಜೂನ್ 12ರಂದು ಬೆಳಗಾವಿಯಲ್ಲಿ ಬಾಬಾಸಾಹೇಬರನ್ನು ಗಲ್ಲಿಗೇರಿಸಲಾಯಿತು. ಬ್ರಿಟಿಷರೊಡನೆ ಹೋರಾಡಿ ಮಡಿದ ಟಿಪ್ಪುವೂ, ಆ ಟಿಪ್ಪುವಿನ ಸೇನೆಯಿಂದ ಮುತ್ತಿಗೆಗೆ ಒಳಗಾದ ಮನೆತನದ ಕುಡಿಯೂ ಕೊನೆಗೆ ಒಂದೇ ಶಕ್ತಿಯ ಕೈಯಲ್ಲಿ ಪ್ರಾಣ ಕಳೆದುಕೊಂಡರು. ಈ ಎರಡು ಸಾವುಗಳನ್ನು ಎದುರುಬದುರಾಗಿ ನಿಲ್ಲಿಸುವವರು ಇತಿಹಾಸವನ್ನು ಅರ್ಧಕ್ಕೇ ಓದಿದವರು.

ಹಾಗಾದರೆ ನಾವೇನು ಮಾಡಬೇಕು? ಸ್ವತಃ ನಮ್ಮ ವಿರುದ್ಧವಾಗಿದ್ದರೂ, ಹೆತ್ತವರ ಹಾಗೂ ಬಂಧುಗಳ ವಿರುದ್ಧವಾಗಿದ್ದರೂ ನ್ಯಾಯದ ಸಾಕ್ಷಿ ನುಡಿಯಬೇಕೆಂದು ಕುರ್‌ಆನ್ 'ಅನ್ನಿಸಾ' ಅಧ್ಯಾಯದಲ್ಲಿ ಆದೇಶಿಸುತ್ತದೆ. ಈ ಆದೇಶಕ್ಕೆ ಗತಕಾಲವೂ ಒಳಪಟ್ಟಿದೆ. ನರಗುಂದದ ಮುತ್ತಿಗೆಯನ್ನು ಒಪ್ಪಿಕೊಳ್ಳುವುದರಿಂದ ಟಿಪ್ಪುವಿನ ಹೋರಾಟ ಸಣ್ಣದಾಗುವುದಿಲ್ಲ. ಬದಲಾಗಿ ನಮ್ಮ ಸಾಕ್ಷ್ಯಕ್ಕೆ ಬೆಲೆ ಬರುತ್ತದೆ. ಆಗ ಶೃಂಗೇರಿಯ ವಿಷಯ ಹೇಳಿದರೂ ಜನ ಕೇಳುತ್ತಾರೆ. 1791ರಲ್ಲಿ ಮರಾಠಾ ಪಡೆಯ ಲೂಟಿಗೆ ಒಳಗಾದ ಆ ಮಠಕ್ಕೆ ಟಿಪ್ಪು ನೆರವು ನೀಡಿದ್ದು ಇಂದು ನಮಗೆ ಖಚಿತವಾಗಿ ಗೊತ್ತಿರುವುದು ಯಾರೋ ಹೊಗಳಿದ್ದರಿಂದಲ್ಲ. ಮಠವೇ ಕಾಪಾಡಿಕೊಂಡು ಬಂದ ಕನ್ನಡ ಪತ್ರಗಳಿಂದ. ಅವುಗಳನ್ನು 1916ರಲ್ಲಿ ಬೆಳಕಿಗೆ ತಂದವರು ಮೈಸೂರಿನ ಪುರಾತತ್ವ ಇಲಾಖೆಯ ಆರ್. ನರಸಿಂಹಾಚಾರ್. ಮುಸ್ಲಿಮ್ ದೊರೆಯ ಸತ್ಕಾರ್ಯಕ್ಕೆ ಸನದ್ ಒದಗಿಸಿದ್ದು ಒಂದು ಹಿಂದೂ ಮಠ. ಇದನ್ನು ನಾವು ಕೃತಜ್ಞತೆಯಿಂದ ನೆನೆಯಬೇಕು.

ದೊರೆಗಳ ನೆನಪಿಗಿಂತ ಆಳವಾದದ್ದು ಸಾಮಾನ್ಯ ಜನರ ನೆನಪು. ಕ್ರಿ.ಶ. 680ರಲ್ಲಿ ಇರಾಕಿನ ಕರ್ಬಲಾದಲ್ಲಿ ನಡೆದ ದುರಂತವನ್ನು ಉತ್ತರ ಕರ್ನಾಟಕದ ಹಳ್ಳಿಗಳು ಇಂದಿಗೂ ಕನ್ನಡದ ರಿವಾಯತ್ ಪದಗಳಲ್ಲಿ ಹಾಡುತ್ತವೆ. ಮುಸ್ಲಿಮರ ಒಂದು ಮನೆಯೂ ಇಲ್ಲದ ಊರುಗಳಲ್ಲಿಯೂ ಹಸನ್ ಹುಸೇನರ ಹೆಸರು ಕೇಳುತ್ತದೆ, ಚೊಂಗೆ ಬೇಯುತ್ತದೆ. ಇಲ್ಲಿನ ಕೆಲವು ಆಚರಣೆಗಳಿಗೆ ಶರೀಅತ್‌ನಲ್ಲಿ ಆಧಾರವಿಲ್ಲವೆಂದು ವಿದ್ವಾಂಸರು ಹೇಳುವುದು ಸರಿಯೇ, ಆಶೂರಾದ ಉಪವಾಸವೇ ಸುನ್ನತ್. ಆದರೆ ಅನ್ಯಾಯಕ್ಕೆ ತಲೆಬಾಗದವರ ಕಥೆಯನ್ನು ತಮ್ಮದೆಂದು ತಿಳಿದು ನೂರಾರು ವರ್ಷ ಹಾಡಿದ ನೆರೆಯವರ ಪ್ರೀತಿಯನ್ನು ಕಡೆಗಣಿಸಲು ಅದು ಕಾರಣವಾಗಬಾರದು.

ಬರೆದಿಡದ ನೆನಪು ಎಷ್ಟು ಬೇಗ ಅಳಿಯುತ್ತದೆ ಎಂಬುದಕ್ಕೆ ಅಮೆರಿಕದ ಮುಸ್ಲಿಮರೇ ಸಾಕ್ಷಿ. ಆಫ್ರಿಕಾದಿಂದ ಗುಲಾಮರಾಗಿ ಅಲ್ಲಿಗೆ ಸಾಗಿಸಲ್ಪಟ್ಟವರಲ್ಲಿ ಬಹಳ ಮಂದಿ ಮುಸ್ಲಿಮರಿದ್ದರು. ಅವರ ಹೆಸರು, ಭಾಷೆ, ನಮಾಝ್ ಎಲ್ಲವೂ ಕೆಲವೇ ತಲೆಮಾರುಗಳಲ್ಲಿ ಅಳಿದುಹೋದವು. ಅವರಲ್ಲೊಬ್ಬರಾದ ಉಮರ್ ಇಬ್ನ್ ಸಈದ್ 1831ರಲ್ಲಿ ತಮ್ಮ ಬದುಕನ್ನು ಅರಬಿಯಲ್ಲಿ ಬರೆದಿಟ್ಟರು. ಕೆಲವೇ ಪುಟಗಳ ಆ ಹಸ್ತಪ್ರತಿ ಈಗ ಅಮೆರಿಕದ ರಾಷ್ಟ್ರೀಯ ಗ್ರಂಥಾಲಯದಲ್ಲಿದೆ. ಇಸ್ಲಾಮ್ ತಮ್ಮ ದೇಶಕ್ಕೆ ನಿನ್ನೆ ಮೊನ್ನೆ ಬಂದದ್ದೆಂಬ ಮಾತಿಗೆ ಅಲ್ಲಿನವರು ಇಂದು ಉತ್ತರ ಕೊಡುವಾಗ ಆ ಪುಟಗಳನ್ನು ಮುಂದಿಡುತ್ತಾರೆ.

ನಮ್ಮ ಮಸೀದಿಗಳ ಹಳೆಯ ಶಾಸನಗಳು, ವಕ್ಫ್ ಕಾಗದಗಳು, ಟ್ರಂಕಿನ ತಳದಲ್ಲಿರುವ ಮೋಡಿ ಹಾಗೂ ಫಾರ್ಸಿ ಲಿಪಿಯ ಪತ್ರಗಳು, ಅಜ್ಜಿಯರ ಬಾಯಲ್ಲಿರುವ ನೇಕಾರಿಕೆಯ, ಒಕ್ಕಲುತನದ, ಬರಗಾಲದ ಕಥೆಗಳು ನಾಳೆಗೆ ಉಳಿಯುತ್ತವೆಯೇ? ಮಕ್ಕಳ ಕೈಗೆ ಒಂದು ನೋಟ್‌ಬುಕ್ ಕೊಡಿರಿ. ಮನೆಯ ಹಿರಿಯರು ಹೇಳಿದ್ದನ್ನು ಬರೆಯಲಿ. ಯಾರು ಹೇಳಿದರು, ಅವರು ಯಾರಿಂದ ಕೇಳಿದರು ಎಂಬುದನ್ನೂ ಬರೆಯಲಿ. ಹೆಮ್ಮೆಯ ಸಂಗತಿಯ ಜೊತೆಗೆ ನೋವಿನ ಸಂಗತಿಯನ್ನೂ, ನಮ್ಮವರ ತಪ್ಪಿದ್ದರೆ ಅದನ್ನೂ ಬಿಡದೆ ದಾಖಲಿಸಲಿ. ನೆರೆಮನೆಯ ಹಿರಿಯರನ್ನೂ ಕೇಳಲಿ. ಸತ್ಯವನ್ನು ಸತ್ಯವೆಂದು ಕಾಣುವ ದೃಷ್ಟಿಯನ್ನೂ ಅದನ್ನು ನ್ಯಾಯದಿಂದ ನುಡಿಯುವ ನಾಲಿಗೆಯನ್ನೂ ಅಲ್ಲಾಹನು ನಮಗೂ ನಮ್ಮ ಮಕ್ಕಳಿಗೂ ಕರುಣಿಸಲಿ. ಆಮೀನ್.