ಹೀಬ್ರೂ ಪುಸ್ತಕದಲ್ಲಿ ನಮ್ಮ ಬೊಮ್ಮ



ಮಸ್ಕತ್ತಿನಲ್ಲೋ ಸಲಾಲಾದಲ್ಲೋ ಬೆಳೆದ ನಿಮಗೆ ಅರಬ್ಬಿ ಫಲಕಗಳು ಹೊಸತಲ್ಲ. ಅಲ್ಲಿ ಹ್ರಸ್ವ ಸ್ವರಗಳನ್ನು ಸಾಮಾನ್ಯವಾಗಿ ಬರೆಯುವುದಿಲ್ಲ. ಪದ ಗೊತ್ತಿದ್ದವರು ತಾವೇ ತುಂಬಿಕೊಂಡು ಓದುತ್ತಾರೆ. ಹೀಬ್ರೂ ಲಿಪಿಯ ಕಥೆಯೂ ಹೆಚ್ಚುಕಡಿಮೆ ಇದೇ. ತುಳುನಾಡಿನವನೆಂದು ತೋರುವ ಒಬ್ಬನ ಹೆಸರು ಹಾಗೆ ಸ್ವರಗಳಿಲ್ಲದೆ ಎಂಟು ಶತಮಾನ ಕಾದಿತ್ತು. ಇವತ್ತು ಅವನ ವಿಚಾರ.

12ನೇ ಶತಮಾನದಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಯಹೂದಿ ವ್ಯಾಪಾರಿ ಮಂಗಳೂರಿನಲ್ಲಿದ್ದ. ಹುಟ್ಟೂರು ಇಂದಿನ ಟ್ಯುನೀಷಿಯಾದ ಮಹ್ದಿಯಾ. 1132ರ ಅಕ್ಟೋಬರ್ 17ರಂದು ಮಂಗಳೂರಿನಲ್ಲಿ ಅವನು ಆಶು ಎಂಬ ದಾಸಿಯನ್ನು ಬಿಡುಗಡೆ ಮಾಡಿ ಪತ್ರ ಬರೆದುಕೊಟ್ಟ. ಆಮೇಲೆ ಅವರು ಸಂಸಾರ ಹೂಡಿದರೆಂದು ವಿದ್ವಾಂಸರು ತಿಳಿಯುತ್ತಾರೆ. ಅವನಿಗೆ ಹಿತ್ತಾಳೆ, ಕಂಚಿನ ಪಾತ್ರೆ ಮಾಡುವ ಕಾರ್ಖಾನೆ ಇತ್ತು. ಮೆಣಸು, ಕಬ್ಬಿಣ, ಅಡಿಕೆ, ಏಲಕ್ಕಿ ಇಲ್ಲಿಂದ ಏಡನ್‌ಗೆ ಹೋಗುತ್ತಿದ್ದವು. ಅಲ್ಲಿಂದ ಕಾಗದ, ಸಕ್ಕರೆ, ಒಣದ್ರಾಕ್ಷಿ, ಸಾಬೂನು ಬರುತ್ತಿದ್ದವು. ಏಡನ್ ಅಂದರೆ ಸಲಾಲಾದಿಂದ ಪಶ್ಚಿಮಕ್ಕೆ ಇದೇ ಕಡಲ ದಡ. ಸಲಾಲಾಕ್ಕೆ ಖರೀಫ್ ತರುವ ಗಾಳಿಯೇ ಮಂಗಳೂರಿಗೆ ಮಳೆ ತರುವುದು. ಹಡಗುಗಳ ಹೋಗಿಬರುವಿಕೆಯೂ ಈ ಗಾಳಿಗಳನ್ನು ನಂಬಿಕೊಂಡೇ ನಡೆಯುತ್ತಿತ್ತು.

1149ರಲ್ಲಿ ಅವನು ಊರು ಬಿಟ್ಟ. ಅವನ ಕಾಗದಗಳು ಈಜಿಪ್ಟಿನ ಫುಸ್ತಾತ್‌ನ ಬೆನ್ ಎಜ್ರಾ ಪ್ರಾರ್ಥನಾ ಮಂದಿರ ಸೇರಿದವು. ದೇವರ ಹೆಸರಿರಬಹುದಾದ ಬರಹವನ್ನು ಯಹೂದಿಗಳು ಹರಿದು ಬಿಸಾಡುವುದಿಲ್ಲ. ‘ಗೆನಿಜಾ’ ಎಂಬ ಕೋಣೆಯಲ್ಲಿ ಹಾಕಿಡುತ್ತಾರೆ. ಹಾಗಾಗಿ ಲೆಕ್ಕದ ಚೀಟಿಯೂ ಉಳಿಯಿತು. ಭಾಷೆ ಅರಬ್ಬಿ, ಲಿಪಿ ಹೀಬ್ರೂ. 1896-97ರಲ್ಲಿ ಸಾಲೊಮನ್ ಶೆಕ್ಟರ್ ಆ ರಾಶಿಯ ದೊಡ್ಡ ಪಾಲನ್ನು ಕೇಂಬ್ರಿಡ್ಜ್‌ಗೆ ಒಯ್ದರು.

1942ರಲ್ಲಿ ಜೆರುಸಲೇಮಿನ ‘ಜಿಯೋನ್’ ಎಂಬ ಹೀಬ್ರೂ ಚರಿತ್ರೆ ಪತ್ರಿಕೆಯಲ್ಲಿ ಇ. ಸ್ಟ್ರಾಸ್ ಎಂಬ ವಿದ್ವಾಂಸರ ಲೇಖನ ಬಂತು. ಏಡನ್‌ನ ಖಲಫ್ ಎಂಬ ವರ್ತಕ 1148ರಲ್ಲಿ ಬೆನ್ ಯಿಜುವಿಗೆ ಬರೆದ ಪತ್ರ ಅದರಲ್ಲಿತ್ತು. ಪತ್ರದಲ್ಲಿ ಬೆನ್ ಯಿಜುವಿನ ಆಳಿಗೂ ನಮಸ್ಕಾರ ತಿಳಿಸಿದ್ದ. ಆಳಿನ ಹೆಸರು ಮೂರೇ ಅಕ್ಷರ: ಬ, ಮ, ಕೊನೆಗೆ ಸ್ವರಕ್ಕೂ ಸಲ್ಲುವ ಇನ್ನೊಂದು. ಬಮ ಎನ್ನಬಹುದು, ಬಾಮ ಎನ್ನಬಹುದು. ಒತ್ತಕ್ಷರ ಇದೆಯೋ ಇಲ್ಲವೋ, ಲಿಪಿ ಹೇಳದು.

ಕಾದಂಬರಿಕಾರ ಅಮಿತಾವ್ ಘೋಷ್ ಈ ಅಕ್ಷರಗಳನ್ನು ಹಿಡಿದುಕೊಂಡು ಮಂಗಳೂರಿಗೆ ಬಂದರು. ದಾರಿ ತೋರಿದವರು ತುಳು ಜಾನಪದ ವಿದ್ವಾಂಸ ಪ್ರೊ. ಬಿ.ಎ. ವಿವೇಕ ರೈ. ಹೆಸರು ‘ಬೊಮ್ಮ’ ಇರಬೇಕು! ಬ್ರಹ್ಮ ಎಂಬುದರ ತದ್ಭವ. ಬೊಮ್ಮಯ್ಯ, ಬೊಮ್ಮಣ್ಣ ನಮ್ಮಲ್ಲಿ ಇಂದಿಗೂ ಇದ್ದಾರೆ. ಘೋಷ್ ಅವರ ‘ಇನ್ ಆ್ಯನ್ ಆ್ಯಂಟಿಕ್ ಲ್ಯಾಂಡ್’ 1992ರಲ್ಲಿ ಬಂತು.

ಬೊಮ್ಮ ಬರೀ ಮನೆಗೆಲಸದವನಲ್ಲ. ಒಡೆಯನ ಸರಕು ನಂಬಿಕೆಯಿಂದ ಹೊತ್ತು ಏಡನ್‌ಗೆ ಹೋಗಿಬಂದವನು. ಅಲ್ಲಿ ಕುಡಿದು, ಹಣಕ್ಕಾಗಿ ಕಾಡಿದ ಎಂಬ ದೂರೂ ಇದೆ.

ಎಸ್.ಡಿ. ಗೊಯಿಟೈನ್ ಎಂಬ ವಿದ್ವಾಂಸರು ದಶಕಗಟ್ಟಲೆ ಈ ಪತ್ರಗಳನ್ನು ಕೂಡಿಸಿದರು. 1985ರಲ್ಲಿ ಅವರು ತೀರಿಕೊಂಡ ಮೇಲೆ ಎಂ.ಎ. ಫ್ರೀಡ್‌ಮನ್ ಕೆಲಸ ಮುಂದುವರಿಸಿದರು. ಜೆರುಸಲೇಮಿನ ಬೆನ್-ಜ್ವಿ ಸಂಸ್ಥೆ ಅವನ್ನು ಹೀಬ್ರೂ ಸಂಪುಟಗಳಾಗಿ ತಂದಿತು. 2010ರಲ್ಲಿ ಬಂದ ಮೂರನೆಯ ಸಂಪುಟ ಪೂರ್ತಿ ಬೆನ್ ಯಿಜುವಿನದು.

ಒಡೆಯನಿಗೆ ಒಂದು ಸಂಪುಟ. ಬೊಮ್ಮನಿಗೆ ಅವರಿವರ ಪತ್ರದಲ್ಲಿ ಕೆಲವು ಸಾಲು. ಅವನೇ ಬರೆದದ್ದು ಒಂದಕ್ಷರವೂ ಸಿಕ್ಕಿಲ್ಲ. ಇದ್ದ ಮೂರಕ್ಷರವನ್ನು ಕಾಪಾಡಿದ್ದು ಹೀಬ್ರೂ ಬಲ್ಲವರು, ಅದಕ್ಕೆ ಉಸಿರು ಕೊಟ್ಟದ್ದು ನಮ್ಮ ಊರಿನ ಮಾತು ಬಲ್ಲವರು. ಎರಡರಲ್ಲಿ ಒಂದಿಲ್ಲದಿದ್ದರೂ ಅವನು ಬರೀ ‘ಆಳು’ ಆಗಿ ಉಳಿಯುತ್ತಿದ್ದ.

ಗಲ್ಫಿಗೆ ಮೊದಲು ಬಂದ ನಿಮ್ಮ ಅಜ್ಜನೋ ದೊಡ್ಡಪ್ಪನೋ ಇದ್ದರೆ, ಅವರ ಕಾಗದಗಳು ಎಲ್ಲಿವೆ? ಈ ರಜೆಗೆ ಊರಿಗೆ ಹೋದಾಗ ಟ್ರಂಕು ತೆಗೆಸಿ ನೋಡಿ. ಅಜ್ಜಿ ಅವರನ್ನು ಏನೆಂದು ಕರೆಯುತ್ತಿದ್ದರೋ ಕೇಳಿ, ಕನ್ನಡದಲ್ಲೇ ಬರೆದಿಡಿ. ಒತ್ತು, ದೀರ್ಘ ತಪ್ಪದ ಹಾಗೆ.

ಮತ್ತೆ ಸಿಗೋಣ.