ಕಾಡಂಚಿನ ಕಿವಿಗೆ ಮೈದಾನದ ದನಿ

ಬಿಳಿಗಿರಿರಂಗನ ಬೆಟ್ಟದ ಸೋಲಿಗ ಬುಡಕಟ್ಟಿನವರ ವಸತಿಗಳಾದ ಪೋಡುಗಳಿಗೂ ಅದರ ತಪ್ಪಲಿನ ಯಳಂದೂರು, ಕೊಳ್ಳೇಗಾಲ, ಹನೂರಿನ ಊರುಗಳಿಗೂ ಆಟದ ಸುದ್ದಿ ಬಹುಕಾಲ ಮುಟ್ಟಿದ್ದು ರೇಡಿಯೊದ ಮೂಲಕ. ಹತ್ತಿರದ ಆಕಾಶವಾಣಿ ಎಂದರೆ ಮೈಸೂರು. ಮಹಾರಾಜ ಕಾಲೇಜಿನಲ್ಲಿ ಮನಶ್ಶಾಸ್ತ್ರ ಹೇಳಿಕೊಡುತ್ತಿದ್ದ ಎಂ.ವಿ. ಗೋಪಾಲಸ್ವಾಮಿ 1935ರಲ್ಲಿ ಸ್ವಂತ ಮನೆಯಲ್ಲೇ ಆರಂಭಿಸಿದ ಕೇಂದ್ರ ಅದು. 1955ರಲ್ಲಿ ಬೆಂಗಳೂರಿಗೆ ಹೋಯಿತು. ಎಪ್ಪತ್ತರ ದಶಕದಲ್ಲಿ ಮೈಸೂರಿಗೆ ಮತ್ತೆ ಕೇಂದ್ರ ಬಂತು.

ಕಣ್ಣೆದುರು ನಡೆಯುವುದನ್ನು ಆ ಕ್ಷಣವೇ ಕನ್ನಡದಲ್ಲಿ ಹೇಳುವ ಕಲೆ ನಮ್ಮಲ್ಲಿ ಪಳಗಿದ್ದು ಕ್ರಿಕೆಟ್ ಮೈದಾನಕ್ಕಿಂತ ಹೆಚ್ಚಾಗಿ ಮೈಸೂರು ದಸರೆಯ ಜಂಬೂ ಸವಾರಿಯ ಹಾದಿಯಲ್ಲಿ ಎಂಬುದು ನನ್ನ ಎಣಿಕೆ. ಅಂಬಾರಿ ಎಲ್ಲಿಗೆ ಬಂತು, ಯಾವ ತಂಡ ಎದುರಿಗಿದೆ, ಜನ ಎಲ್ಲೆಲ್ಲಿ ಹತ್ತಿ ನಿಂತಿದ್ದಾರೆ ಎಂಬುದನ್ನೆಲ್ಲ ಕಾಣದವರಿಗೆ ಕಾಣಿಸಬೇಕಿತ್ತು. ಬಂಗಾಳಿಯಲ್ಲಿ ಅಜಯ್ ಬಸು, ಮರಾಠಿಯಲ್ಲಿ ಬಾಳ್ ಪಂಡಿತ್, ತಮಿಳಿನಲ್ಲಿ ಅಬ್ದುಲ್ ಜಬ್ಬಾರ್ ಕ್ರಿಕೆಟ್ಟಿನ ಮನೆಮಾತಾದರು. ಕನ್ನಡದ ರೇಡಿಯೊ ಕ್ರಿಕೆಟ್ಟಿಗೆ ಅಂಥದೊಂದು ಗಟ್ಟಿ ನೆಲೆ ಸಿಗಲಿಲ್ಲ. 1956ರವರೆಗೂ ಕೊಯಮತ್ತೂರು ಜಿಲ್ಲೆಯಲ್ಲಿದ್ದ ಕೊಳ್ಳೇಗಾಲದ ಸೀಮೆಗೆ ತಮಿಳು ದನಿಗಳು ಹೊಸವೇನಲ್ಲ.

ಟೆಸ್ಟ್ ಪಂದ್ಯವಾದರೆ ರೇಡಿಯೊ ವಿವರಣೆ ಇಂಗ್ಲಿಷಿನಲ್ಲಿ ಸ್ವಲ್ಪ ಹೊತ್ತು, ಹಿಂದಿಯಲ್ಲಿ ಸ್ವಲ್ಪ ಹೊತ್ತು. 1974ರ ನವೆಂಬರಿನಲ್ಲಿ ಬೆಂಗಳೂರಿನ ಹೊಸ ಕ್ರೀಡಾಂಗಣದಲ್ಲಿ ಮೊದಲ ಟೆಸ್ಟ್ ನಡೆಯಿತು. ಅಲ್ಲೇ ಟೆಸ್ಟಿಗೆ ಕಾಲಿಟ್ಟ ವೆಸ್ಟ್ ಇಂಡೀಸಿನ ವಿವ್ ರಿಚರ್ಡ್ಸ್ ಎರಡೂ ಇನಿಂಗ್ಸಿನಲ್ಲಿ, 4 ಮತ್ತು 3 ರನ್ನಿಗೆ, ಮೈಸೂರಲ್ಲಿ ಹುಟ್ಟಿದ ಬಿ.ಎಸ್. ಚಂದ್ರಶೇಖರ್ ಎಸೆತಕ್ಕೆ ಔಟಾದರು. ಪೆವಿಲಿಯನ್ ತುದಿಯೋ ಬಿಇಎಂಎಲ್ ತುದಿಯೋ, ಚೆಂಡು ಎಲ್ಲಿ ಪುಟಿಯಿತು, ಸ್ಲಿಪ್ಪಿನಲ್ಲಿ ಯಾರಿದ್ದಾರೆ ಎಂದು ಹೇಳುವವರು ಹೇಳಿದರೆ ಮಾತ್ರ ಕೇಳುವವರಿಗೆ ಆಟ. ಒಂದು ಮಾತು ತಪ್ಪಿದರೆ ಒಂದು ವಿಕೆಟ್ಟೇ ತಪ್ಪಿಹೋಗುತ್ತಿತ್ತು.

ಟಿ.ವಿ. ಬಂದ ಮೇಲೆ ಈ ಭಾರ ಇಳಿಯಿತು. 1993ರ ಹೀರೊ ಕಪ್ಪಿನ ಪ್ರಸಾರದ ಜಗಳ ಸುಪ್ರೀಂ ಕೋರ್ಟಿಗೆ ಹೋಯಿತು.  ವಾಯುತರಂಗ ಸಾರ್ವಜನಿಕರ ಸೊತ್ತು, ಸರ್ಕಾರವೊಂದರದೇ ಅಲ್ಲ ಎಂದು 1995ರಲ್ಲಿ ಕೋರ್ಟು ಹೇಳಿತು. ಖಾಸಗಿ ವಾಹಿನಿಗಳಿಗೆ ಹಾದಿ ಸಲೀಸಾಯಿತು. ಐದು ವರ್ಷದ ಐಪಿಎಲ್ ಹಕ್ಕನ್ನು 16,347.5 ಕೋಟಿ ರೂಪಾಯಿಗೆ ಕೊಂಡ ಸ್ಟಾರ್ ಸಂಸ್ಥೆಗೆ ಅಷ್ಟು ಹಣ ಮರಳಬೇಕಾದರೆ ಇಂಗ್ಲಿಷ್, ಹಿಂದಿ ನೋಡುಗರಷ್ಟೇ ಸಾಲುತ್ತಿರಲಿಲ್ಲ. 2018ರಲ್ಲಿ ಐಪಿಎಲ್ ಕನ್ನಡದಲ್ಲೂ ಮಾತಾಡಿತು. ಆ ವರ್ಷದ ಕೊನೆಗೆ ಸ್ಟಾರ್ ಸ್ಪೋರ್ಟ್ಸ್ ಕನ್ನಡ ವಾಹಿನಿಯೇ ಬಂತು.

ಆ ದನಿಗಳಲ್ಲಿ ನನಗೆ ಅಚ್ಚುಮೆಚ್ಚು ವಿಜಯ್ ಭಾರದ್ವಾಜ್ ಅವರದು. 1998–99ರ ರಣಜಿಯಲ್ಲಿ 1,280 ರನ್ ಪೇರಿಸಿ ಕರ್ನಾಟಕ ಗೆಲ್ಲಲು ಹೆಗಲು ಕೊಟ್ಟವರು, ನೈರೋಬಿಯಲ್ಲಿ ಮೊದಲ ಏಕದಿನ ಸರಣಿಯಲ್ಲೇ ಸರಣಿಶ್ರೇಷ್ಠರಾದವರು. ಆದರೂ ಭಾರತಕ್ಕೆ ಆಡಿದ್ದು 3 ಟೆಸ್ಟ್, 10 ಏಕದಿನ ಪಂದ್ಯ ಅಷ್ಟೆ. ಆಡಿ, ತರಬೇತಿ ಕೊಟ್ಟು, ಆಮೇಲೆ ಮೈಕು ಹಿಡಿದವರ ಕನ್ನಡದಲ್ಲಿ ಕ್ರೀಸಿನ ಅನುಭವ ಇರುತ್ತದೆ. ಬ್ಯಾಟರ್ ಯಾಕೆ ಹಿಂದಡಿ ಇಟ್ಟ ಎಂಬುದು ಅವರಿಗೆ ಗೊತ್ತು. ಕಬಡ್ಡಿಯಂಥ ನಮ್ಮ ಆಟಕ್ಕಂತೂ ಕನ್ನಡ ಇನ್ನೂ ಚೆನ್ನಾಗಿ ಒಗ್ಗಿದೆ. ಊರ ಟೂರ್ನಮೆಂಟುಗಳಲ್ಲಿ ಮೈಕು ಹಿಡಿದು ಪಳಗಿದವರು ಎಲ್ಲ ತಾಲ್ಲೂಕಿನಲ್ಲೂ ಇದ್ದಾರೆ.

ಆದರೆ ರೇಡಿಯೊದ ಜಾಗವನ್ನು ಇವು ಯಾವುವೂ ತುಂಬಿಲ್ಲ. ಪೋಡಿನಲ್ಲಿ ಕರೆಂಟು ಹೋದರೆ ಟಿ.ವಿ. ಇಲ್ಲ, ನೆಟ್‌ವರ್ಕ್ ಸಿಗದಿದ್ದರೆ ಮೊಬೈಲೂ ಇಲ್ಲ. ಎಫ್‌ಎಂ ಅಲೆ ನೇರಕ್ಕೆ ಸಾಗುವುದರಿಂದ ಗುಡ್ಡದ ಮರೆಯಲ್ಲಿ ಕ್ಷೀಣಿಸುತ್ತದೆ; ನೆಲ ಹಿಡಿದು ಬರುವ ಮೀಡಿಯಂ ವೇವ್ ಇಂಥ ಸೀಮೆಗೆ ಹೇಳಿಮಾಡಿಸಿದ್ದು. ಅಂಥ ಪ್ರಸಾರಕ್ಕೆ ತಕ್ಕ ಆಟ ಹತ್ತಿರದಲ್ಲೇ ನಡೆದದ್ದುಂಟು. 2010ರ ಜನವರಿಯಲ್ಲಿ ಮೈಸೂರಿನ ಗಂಗೋತ್ರಿ ಗ್ಲೇಡ್ಸ್‌ನಲ್ಲಿ ರಣಜಿ ಫೈನಲ್ ನಡೆದಾಗ ಜನ ಕಿಕ್ಕಿರಿದಿದ್ದರು. ಕರ್ನಾಟಕಕ್ಕೆ 338ರ ಗುರಿ, ಮನೀಶ್ ಪಾಂಡೆ 144, ಕೊನೆಗೆ ಮುಂಬೈಗೆ 6 ರನ್ನಿನ ಗೆಲುವು. ಎಸೆತ ಎಸೆತಕ್ಕೂ ಕನ್ನಡದಲ್ಲಿ ಕೇಳಬೇಕಾದ ಆಟ ಎಂದರೆ ಅದು. ಆ ಮೈದಾನಕ್ಕೂ ಯಾದವಗಿರಿಯ ಆಕಾಶವಾಣಿಗೂ ಕೆಲವೇ ಕಿಲೋಮೀಟರ್. ಕನ್ನಡದ ರೇಡಿಯೊ ವಿವರಣೆಯನ್ನು ಮೈಸೂರಿನಲ್ಲಿ ನಡೆಯುವ ರಣಜಿ ಪಂದ್ಯಗಳಿಂದಲೇ ಶುರುಮಾಡಬಹುದು. ಕೊಳ್ಳೇಗಾಲ, ಹನೂರಿನ ಕಬಡ್ಡಿ ಅಂಗಳದಲ್ಲಿ ಮೈಕು ಹಿಡಿದಿರುವ ಹುಡುಗರನ್ನೂ, ಪೋಡುಗಳಿಂದ ಓದಿ ಬಂದ ಸೋಲಿಗ ಮಕ್ಕಳನ್ನೂ ಕರೆದು, ಕಾಣದವರಿಗೆ ಕಾಣುವಂತೆ ಹೇಳುವುದನ್ನು ಕಲಿಸಿ ಆಕಾಶವಾಣಿಯ ಮೈಕಿನ ಮುಂದೆ ಕೂರಿಸಬಹುದು.